ಪತ್ರ ಸಿಕ್ಕಿದ್ದು ಮುಲ್ತಾನಿನಲ್ಲಿ, ಮೌಲಾನಾ ಸಿಕ್ಕಿದ್ದು ಹಿಜಾಜಿನಲ್ಲಿ

ಪ್ರಶ್ನೆ: ದೇವಬಂದದ ಮೌಲಾನಾ ಮಹಮೂದ್ ಹಸನ್ ಅವರನ್ನು ಬ್ರಿಟಿಷರು ಮಾಲ್ಟಾ ದ್ವೀಪದಲ್ಲಿ ಸೆರೆಯಿಟ್ಟದ್ದು ರೇಷ್ಮೆ ಪತ್ರಗಳ ಸಂಚಿಗಾಗಿಯೇ (ಬ್ರಿಟಿಷರ ವಿರುದ್ಧ ದಂಗೆಗಾಗಿ ರೇಷ್ಮೆ ಬಟ್ಟೆಯ ಮೇಲೆ ಬರೆದ ಗುಪ್ತ ಪತ್ರಗಳು)?

ಉತ್ತರ: ಅರ್ಧ ಹೌದು. ಆ ಪತ್ರಗಳನ್ನು ಬರೆದವರು ಅವರಲ್ಲ, ಅವು ಅವರ ಕೈ ಸೇರಲೂ ಇಲ್ಲ.

1851ರಲ್ಲಿ ಬರೇಲಿಯಲ್ಲಿ ಹುಟ್ಟಿದ ಮಹಮೂದ್ ಹಸನ್, 1866ರಲ್ಲಿ ಶುರುವಾದ ದೇವಬಂದದ ಇಸ್ಲಾಮಿ ವಿದ್ಯಾಪೀಠ ದಾರುಲ್ ಉಲೂಮ್‌ನ ಮೊದಲ ವಿದ್ಯಾರ್ಥಿ. ಮುಂದೆ ಅಲ್ಲಿಯೇ ಮುಖ್ಯ ಅಧ್ಯಾಪಕ. ಮೊದಲ ಮಹಾಯುದ್ಧದಲ್ಲಿ ತುರ್ಕಿ ಬ್ರಿಟನ್ನಿನ ಎದುರು ನಿಂತಾಗ ಅವರ ಲೆಕ್ಕಾಚಾರ ಹೀಗಿತ್ತು: ವಾಯವ್ಯ ಗಡಿಯ ಪಠಾಣರು ಏರಿಬರಬೇಕು, ಕಾಬೂಲ್ ಜೊತೆಗೂಡಬೇಕು, ಬೆನ್ನಿಗೆ ತುರ್ಕಿ ಇರಬೇಕು, ದೇಶದೊಳಗೂ ದಂಗೆ ಏಳಬೇಕು. 1915ರಲ್ಲಿ ಶಿಷ್ಯ ಉಬೈದುಲ್ಲಾ ಸಿಂಧಿಯನ್ನು ಕಾಬೂಲಿಗೆ ಕಳಿಸಿ, ತಾವು ಮಕ್ಕಾ, ಮದೀನಾಗಳಿರುವ ಹಿಜಾಜಿಗೆ ಹೊರಟರು. ಅಲ್ಲಿನ ತುರ್ಕಿ ಗವರ್ನರ್ ಗಾಲಿಬ್ ಪಾಷಾರಿಂದ ಹೋರಾಟದ ಕರೆಪತ್ರವನ್ನೂ ಪಡೆದರು.

ಕಾಬೂಲಿನಲ್ಲಿ ರಾಜಾ ಮಹೇಂದ್ರ ಪ್ರತಾಪ್ ಅಧ್ಯಕ್ಷರಾಗಿ, ಬರ್ಕತುಲ್ಲಾ ಪ್ರಧಾನಿಯಾಗಿ ಭಾರತದ ತಾತ್ಕಾಲಿಕ ಸರ್ಕಾರ ಸ್ಥಾಪನೆಯಾಗಿತ್ತು. ಈ ಸುದ್ದಿಯನ್ನು ಗುರುಗಳಿಗೆ ಮುಟ್ಟಿಸಲು ಸಿಂಧಿ 1916ರ ಜುಲೈನಲ್ಲಿ ಹಳದಿ ರೇಷ್ಮೆಯ ಮೂರು ತುಂಡುಗಳ ಮೇಲೆ ಬರೆದರು. ಮೊದಲನೆಯದು 6 ಅಂಗುಲ ಉದ್ದ 5 ಅಂಗುಲ ಅಗಲ, ಕೊನೆಯದು 15ಕ್ಕೆ 10. ಕಾಗದವಾದರೆ ಸರಬರ ಎನ್ನುತ್ತದೆ, ಬೆವರಿಗೆ ಹರಿಯುತ್ತದೆ. ರೇಷ್ಮೆಯನ್ನು ಕೋಟಿನ ಅಸ್ತರಿನೊಳಗೆ ಹೊಲಿದುಬಿಟ್ಟರೆ ತಡವಿದರೂ ಗೊತ್ತಾಗದು. ಮದೀನಾದಲ್ಲಿ ಕೇಂದ್ರ ಕಚೇರಿ, ಮಹಮೂದ್ ಹಸನ್ ಮಹಾದಂಡನಾಯಕ ಎಂದು ಕಲ್ಪಿಸಿದ್ದ 'ದೇವಸೇನೆ'ಯ ಅಧಿಕಾರಿಗಳ ಪಟ್ಟಿಯೂ ಅದರಲ್ಲಿತ್ತು. ಅಷ್ಟೂ ಹೆಸರುಗಳನ್ನು ಒಂದೇ ಕಡೆ ಬರೆದಿಟ್ಟದ್ದು, ನಮ್ಮ ಮಟ್ಟಿಗೆ, ಗುಪ್ತ ಕೆಲಸದ ಮೊದಲ ಪಾಠವನ್ನೇ ಮರೆತಂತೆ.

ಪತ್ರಗಳು ಸಿಂಧ್‌ನ ಹೈದರಾಬಾದಿನ ಶೇಖ್ ಅಬ್ದುರ್ ರಹೀಮರಿಗೆ ಸೇರಬೇಕಿತ್ತು (ನಿಜಾಮರ ಹೈದರಾಬಾದ್ ಅಲ್ಲ). ಅಲ್ಲಿಂದ ನಂಬಿಕಸ್ಥ ಹಾಜಿಯೊಬ್ಬರ ಕೈಯಲ್ಲಿ ಮದೀನಾಕ್ಕೆ. ಆದರೆ ಹೊತ್ತು ತಂದ ಅಬ್ದುಲ್ ಹಕ್ ದಾರಿಯಲ್ಲಿ ಮುಲ್ತಾನಿನ ತನ್ನ ಹಳೆಯ ಯಜಮಾನ ಖಾನ್ ಬಹಾದ್ದೂರ್ ರಬ್ ನವಾಜ್ ಖಾನರಿಗೆ ವಿಷಯ ಬಾಯಿಬಿಟ್ಟ. ಸರ್ಕಾರಿ ಬಿರುದು ಹೊತ್ತ ಆ ಮನುಷ್ಯ ರೇಷ್ಮೆಯನ್ನು ನೇರ ಕಮಿಷನರ ಕೈಗಿತ್ತರು. ಮುಂದೆ ಒಂದೇ ಸಮನೆ ಬಂಧನಗಳು.

ಆದರೂ ಅರಬ್ ನಾಡಿನಲ್ಲಿದ್ದ ಮಹಮೂದ್ ಹಸನ್ ಬ್ರಿಟಿಷರ ಕೈಗೆ ಎಟುಕುತ್ತಿರಲಿಲ್ಲ. ಎಟುಕಿಸಿದ್ದು ಮಕ್ಕಾದ ಆಡಳಿತಗಾರ ಶರೀಫ್ ಹುಸೇನ್. 1916ರ ಜೂನ್‌ನಲ್ಲೇ ಬ್ರಿಟಿಷರ ಬೆಂಬಲದಿಂದ ತುರ್ಕರ ವಿರುದ್ಧ ದಂಗೆ ಎದ್ದಿದ್ದ ಆತನಿಗೆ ತುರ್ಕರನ್ನು ಧರ್ಮಬಾಹಿರರೆನ್ನುವ ಫತ್ವಾಕ್ಕೆ ವಿದ್ವಾಂಸರ ಸಹಿ ಬೇಕಿತ್ತು. ಮೌಲಾನಾ ಸಹಿ ಹಾಕಲಿಲ್ಲ. ಅವರನ್ನು ಹಿಡಿದು ಬ್ರಿಟಿಷರಿಗೆ ಒಪ್ಪಿಸಲಾಯಿತು. ಕೈರೋದಲ್ಲಿ ವಿಚಾರಣೆ, 1917ರ ಫೆಬ್ರವರಿಯಲ್ಲಿ ಮಾಲ್ಟಾ. ಜೊತೆಯಲ್ಲಿ ಹುಸೇನ್ ಅಹ್ಮದ್ ಮದನಿ, ಉಜೈರ್ ಗುಲ್ ಮುಂತಾದವರು. ಅವರಲ್ಲಿ ಹಕೀಮ್ ನುಸ್ರತ್ ಹುಸೇನ್ ಅಲ್ಲಿಯೇ ತೀರಿಕೊಂಡರು. ಸೆರೆಯಲ್ಲಿ ಮೌಲಾನಾ ಕುರಾನಿನ ಉರ್ದು ಅನುವಾದ ಮುಗಿಸಿದರು.

1920ರ ಜೂನ್ 8ರಂದು ಮುಂಬೈಗೆ ಬಂದಿಳಿದವರಿಗೆ ತುರ್ಕಿಯ ಖಲೀಫರ ಪರ ಹೋರಾಡುತ್ತಿದ್ದ ಖಿಲಾಫತ್ ಸಮಿತಿ 'ಶೇಖುಲ್ ಹಿಂದ್' (ಹಿಂದುಸ್ತಾನದ ಗುರು) ಬಿರುದು ಕೊಟ್ಟಿತು. ಇಷ್ಟರಲ್ಲಿ ಅವರ ದಾರಿ ಬದಲಾಗಿತ್ತು: ಗಡಿಯ ದಂಡಯಾತ್ರೆಯ ಮಾತಿಲ್ಲ, ಗಾಂಧೀಜಿಯ ಅಸಹಕಾರಕ್ಕೆ ಬೆಂಬಲದ ಫತ್ವಾ. ಅಕ್ಟೋಬರ್ 29ರಂದು ಅಲಿಗಢದಲ್ಲಿ ಜಾಮಿಯಾ ಮಿಲ್ಲಿಯಾದ ಅಡಿಗಲ್ಲು ಸಮಾರಂಭಕ್ಕೆ ಹೋದಾಗ ಎಷ್ಟು ನಿತ್ರಾಣರಾಗಿದ್ದರೆಂದರೆ, ಭಾಷಣವನ್ನು ಶಿಷ್ಯ ಶಬ್ಬೀರ್ ಅಹ್ಮದ್ ಉಸ್ಮಾನಿ ಓದಬೇಕಾಯಿತು. ನವೆಂಬರ್ 30ರಂದು ದೆಹಲಿಯಲ್ಲಿ, ಡಾ. ಅನ್ಸಾರಿಯವರ ಮನೆಯಲ್ಲಿ ಕೊನೆಯುಸಿರೆಳೆದರು.