ಪೇಷಂಟ್ ಕಡೆಯವರು ಯಾರು?

ಹೋದ ವರ್ಷ ಮಳೆಗಾಲದಲ್ಲಿ ಅಪ್ಪನಿಗೆ ನ್ಯುಮೋನಿಯಾ ಆಗಿ ಹಾಸನದ ಒಂದು ಆಸ್ಪತ್ರೇಲಿ ಹನ್ನೊಂದು ದಿನ ಇದ್ವಿ. ಅಷ್ಟು ದಿನದಲ್ಲಿ ನನ್ನ ಹೆಸರು ಯಾರೂ ಕೇಳ್ಲಿಲ್ಲ. ವಾರ್ಡ್ ಬಾಗಿಲಲ್ಲಿ ನಿಂತು ಸಿಸ್ಟರ್ 'ಹದಿನಾಲ್ಕರ ಕಡೆಯವರು ಯಾರ್ರೀ?' ಅಂತ ಕೂಗಿದ್ರೆ ಅದು ನಾನು, ಹದಿನಾಲ್ಕನೇ ಮಂಚ ಅಪ್ಪಂದು. ರಕ್ತದ ಸ್ಯಾಂಪಲ್ ಲ್ಯಾಬಿಗೆ ಕೊಟ್ಟು ಬರೋದು, ಚೀಟಿ ಹಿಡ್ಕೊಂಡು ಮೆಡಿಕಲ್‌ಗೆ ಓಡೋದು, ಎಕ್ಸ್‌ರೇಗೆ ವೀಲ್‌ಚೇರ್ ತಳ್ಳೋದು, ರಿಪೋರ್ಟ್ ಬಂತಾ ಅಂತ ಮೂರು ಸಲ ಹೋಗಿ ನೋಡೋದು, ಕಫ ಬಂದ್ರೆ ಒರೆಸೋದು, ರಾತ್ರಿ ಮಂಚದ ಪಕ್ಕ ಚಾಪೆ ಹಾಸ್ಕೊಂಡು ಅರ್ಧ ಕಣ್ಣು ಮುಚ್ಚೋದು. ಮಗ ಅಂದ್ಮೇಲೆ ಇದೆಲ್ಲ ಮಾಡ್ಬೇಕಾದ್ದೇ ಅಂದ್ಕೊಂಡಿದ್ದೆ. ಐದನೇ ದಿನಕ್ಕೆ ಅನ್ನಿಸ್ತು, ಇಲ್ಲಿ ಪ್ರತಿ ಮಂಚದ ಪಕ್ಕದಲ್ಲೂ ಒಬ್ರು ಕೂತು ಆಸ್ಪತ್ರೆಯ ಕೆಲಸ ಮಾಡ್ತಾ ಇದಾರೆ, ಅವರ ಹೆಸರು ಯಾವ ಹಾಜರಿ ಪುಸ್ತಕದಲ್ಲೂ ಇಲ್ಲ.

ಊರಿಗೆ ಬಂದ ಮೇಲೂ ಇದು ತಲೇಲಿ ಕೊರೀತಾನೇ ಇತ್ತು, ಹಾಗಾಗಿ ಆಸ್ಪತ್ರೆ ಬಗ್ಗೆ ಸಮಾಜಶಾಸ್ತ್ರದವರು ಏನು ಬರ್ದಿದಾರೆ ಅಂತ ಹುಡುಕಿ ಓದೋಕೆ ಶುರು ಮಾಡ್ದೆ. 1951ರಲ್ಲಿ ಅಮೆರಿಕದ ಟಾಲ್ಕಟ್ ಪಾರ್ಸನ್ಸ್ ಒಂದು ಮಾತು ಹೇಳಿದ್ರು, ಕಾಯಿಲೆ ಬರೀ ಮೈಗೆ ಬರೋದಲ್ಲ, ಸಮಾಜ ಅದಕ್ಕೊಂದು ಪಾತ್ರ ಕೊಡುತ್ತೆ ಅಂತ. ಕಾಯಿಲೆ ಬಿದ್ದವನಿಗೆ ದಿನದ ಕೆಲಸದಿಂದ ಬಿಡುವು, ಬಿದ್ದಿದ್ದು ಅವನ ತಪ್ಪು ಅಂತ ಯಾರೂ ಬೈಯಲ್ಲ, ಆದ್ರೆ ಅವನು ವಾಸಿಯಾಗೋಕೆ ಮನಸ್ಸು ಮಾಡ್ಬೇಕು, ಡಾಕ್ಟ್ರು ಹೇಳಿದ್ದು ಕೇಳ್ಬೇಕು. ಸರಿಯಾದ ಮಾತೇ. ಆದ್ರೆ ಆ ಚಿತ್ರದಲ್ಲಿ ಮುಖ್ಯವಾಗಿ ಇರೋದು ಇಬ್ರು, ಡಾಕ್ಟ್ರು ಮತ್ತು ರೋಗಿ. ನಮ್ಮ ವಾರ್ಡಲ್ಲಿ ಆ ಇಬ್ರೂ ಎದುರುಬದುರು ಆಗ್ತಿದ್ದಿದ್ದು ಬೆಳಿಗ್ಗೆ ರೌಂಡ್ಸ್ ಹೊತ್ತಲ್ಲಿ, ಎರಡೋ ಮೂರೋ ನಿಮಿಷ. ಉಳಿದ ಹೊತ್ತೆಲ್ಲಾ ಯಾರ ಕೈಲಿತ್ತು?

ನಮ್ಮ ಪಕ್ಕದ ಹದಿಮೂರರಲ್ಲಿ ಅರಕಲಗೂಡು ಕಡೆಯ ಅಕ್ಕ ಒಬ್ರು ಗಂಡನ್ನ ನೋಡ್ಕೊಂಡಿದ್ರು. ನಾವು ಬರೋ ಹೊತ್ತಿಗೆ ಅವರು ಬಂದು ವಾರ ಆಗಿತ್ತು. ಮೊದಲನೇ ರಾತ್ರಿ ಎರಡು ಗಂಟೇಲಿ ನನ್ನ ಭುಜ ತಟ್ಟಿ ಎಬ್ಬಿಸಿದ್ರು. ಅಪ್ಪನ ಡ್ರಿಪ್ ಮುಗೀತಾ ಬಂದಿತ್ತು. 'ನೋಡಪ್ಪ, ಈ ಪುಟ್ಟ ಡಬ್ಬೀಲಿ ಹನಿ ಬೀಳ್ತದಲ್ಲ, ಬಾಟ್ಲಿ ಖಾಲಿ ಆಯ್ತಾ ಬಂದ್ರೆ ಕಾಯ್ಕಂಡು ಕೂರ್ಬೇಡ, ಈ ಚಕ್ರನ ಕೆಳಕ್ಕೆ ಉರುಳ್ಸಿ ಮುಚ್ಬುಡು, ಆಮೇಕೆ ಸಿಸ್ಟರಮ್ಮನ್ನ ಕರಿ. ಹಂಗೇ ಬಿಟ್ರೆ ರಕ್ತ ಪೈಪಿಗೆ ವಾಪಸ್ ಏರ್ತದೆ.' ಹೆಬ್ಬೆರಳಲ್ಲಿ ಆ ಬಿಳೀ ಚಕ್ರ ಉರುಳಿಸಿ ತೋರಿಸಿದ್ರು, ಹನಿ ನಿಂತಿತು. ಅವರಿಗೆ ಇದನ್ನ ಹೇಳ್ಕೊಟ್ಟವರು ಅದಕ್ಕೂ ಮುಂಚೆ ಹನ್ನೆರಡರಲ್ಲಿ ಇದ್ದವರ ಸೊಸೆ ಅಂತೆ.

ಆ ರಾತ್ರಿ ಸಿಸ್ಟರ್ ಎಲ್ಲಿದ್ರು ಅಂತ ಕೇಳ್ಬಹುದು. ವಾರ್ಡಲ್ಲೇ ಇದ್ರು, ಓಡಾಡ್ತಾನೇ ಇದ್ರು, ಅಷ್ಟೂ ಮಂಚಕ್ಕೆ ಅವರೊಬ್ಬರೇ. ಇದರ ಬೆಲೆ ಏನು ಅಂತ 2002ರಲ್ಲಿ ಲಿಂಡಾ ಐಕೆನ್ ಅನ್ನೋ ನರ್ಸಿಂಗ್ ಸಂಶೋಧಕಿ ಮತ್ತು ಜೊತೆಯವರು ಲೆಕ್ಕ ಹಾಕಿದ್ರು. ಅಮೆರಿಕದ ಪೆನ್ಸಿಲ್ವೇನಿಯಾದ 168 ಆಸ್ಪತ್ರೆಗಳಲ್ಲಿ ಆಪರೇಷನ್ ಆದವರನ್ನ ನೋಡಿದಾಗ, ಒಬ್ಬ ನರ್ಸ್ ಪಾಲಿಗೆ ಬರೋ ರೋಗಿಗಳಲ್ಲಿ ಒಬ್ಬೊಬ್ಬರು ಜಾಸ್ತಿ ಆದ ಹಾಗೂ 30 ದಿನದೊಳಗೆ ಸಾಯೋ ಸಂಭವ ಸುಮಾರು 7% ಏರ್ತಾ ಹೋಗಿತ್ತು. ಅವರು ನೋಡಿದ ಆಸ್ಪತ್ರೆಗಳಲ್ಲಿ ಒಬ್ಬ ನರ್ಸ್‌ಗೆ ನಾಲ್ಕರಿಂದ ಎಂಟು ರೋಗಿಗಳು. ನಮ್ಮಲ್ಲಿ ಆ ಅಂತರ ತುಂಬ್ತಾ ಇರೋರು ಚಾಪೆ ಮೇಲೆ ಮಲಗಿರೋ ಅಕ್ಕಂದಿರು, ಇದನ್ನ ನಾನು ಕಣ್ಣಾರೆ ಕಂಡಿದೀನಿ.

ಇನ್ನೊಂದು ಘಟನೆ ಹೇಳ್ತೀನಿ, ಅದೇ ಅಕ್ಕಂದು. ಅವರ ಯಜಮಾನ್ರಿಗೆ ಶುರುವಿನಲ್ಲಿ ಒಂದು ಇಂಜೆಕ್ಷನ್‌ಗೆ ಮೈಯೆಲ್ಲ ದದ್ದು ಎದ್ದು ಅದನ್ನ ನಿಲ್ಲಿಸಿದ್ರಂತೆ. ಡ್ಯೂಟಿ ಬದಲಾಗೋದು ಬೆಳಿಗ್ಗೆ 8ಕ್ಕೆ, ಮಧ್ಯಾಹ್ನ 2ಕ್ಕೆ, ರಾತ್ರಿ 8ಕ್ಕೆ. ಒಂದು ರಾತ್ರಿ ಆ ವಾರ್ಡಿಗೆ ಹೊಸಬರಾದ ಸಿಸ್ಟರ್ ಟ್ರೇ ಹಿಡ್ಕೊಂಡು ಬಂದ್ರು, ಅಕ್ಕ ಎದ್ದು ಬಾಟ್ಲಿ ಬಣ್ಣ ನೋಡಿ 'ಅದು ಬ್ಯಾಡ ಕಣವ್ವ, ಅವತ್ತು ದದ್ದು ಬಂದಿತ್ತು' ಅಂದ್ರು. ಸಿಸ್ಟರ್ ಕೇಸ್ ಶೀಟ್ ತಿರುವಿ ತಿರುವಿ ಹಿಂದೆ ಹೋದ್ರು, ಬರೆದಿತ್ತು, ನಾಲ್ಕು ಪುಟ ಹಿಂದೆ. ಟ್ರೇ ಕೆಳಗಿಟ್ಟು ಅಕ್ಕನ ಕೈ ಹಿಡ್ಕೊಂಡ್ರು, ಏನೂ ಮಾತಾಡ್ಲಿಲ್ಲ.

ಮಾತು ಕೈ ಬದಲಾಗೋ ಈ ಜಾಗಾನೇ ಆಸ್ಪತ್ರೆಯ ಮೆತ್ತಗಿನ ಜಾಗ. 2014ರಲ್ಲಿ ಅಮೆರಿಕ ಮತ್ತು ಕೆನಡಾದ 9 ಮಕ್ಕಳ ವಿಭಾಗಗಳಲ್ಲಿ, ಒಬ್ಬ ಡಾಕ್ಟ್ರು ಇನ್ನೊಬ್ಬರಿಗೆ ರೋಗಿಗಳನ್ನ ಒಪ್ಪಿಸುವಾಗ ಏನೇನು ಹೇಳ್ಬೇಕು, ಯಾವ ಕ್ರಮದಲ್ಲಿ ಹೇಳ್ಬೇಕು ಅನ್ನೋದನ್ನ ಕಲಿಸಿ ನೋಡಿದ್ರು, ತಪ್ಪುಗಳು 23% ಇಳಿದ್ವು. ಹೊಸ ಔಷಧಿ ಇಲ್ಲ, ಹೊಸ ಮೆಷಿನ್ ಇಲ್ಲ, ಮುಖ್ಯವಾಗಿ ಹೇಳೋ ರೀತಿ ಸರಿ ಮಾಡಿದ್ದು. ಡಾಕ್ಟ್ರು ಬದಲಾಗ್ತಾರೆ, ಸಿಸ್ಟರ್ ಬದಲಾಗ್ತಾರೆ, ಮೊದಲ ದಿನದಿಂದ ಕೊನೇ ದಿನದ ತನಕ ಬದಲಾಗದೇ ಇರೋರು ಪೇಷಂಟ್ ಕಡೆಯವರು. ವಾರ್ಡಿನ ನೆನಪು ಅವರ ಹತ್ರ ಇರುತ್ತೆ, ಆದ್ರೆ ಒಪ್ಪಿಸೋ ಹೊತ್ತಲ್ಲಿ ಅವರನ್ನ 'ಸ್ವಲ್ಪ ಹೊರಗಿರಿ' ಅಂತಾರೆ. ನನಗೆ ಬೇಜಾರಾಗೋದು ಇಲ್ಲೇ.

ಆನ್ಸೆಲ್ಮ್ ಸ್ಟ್ರಾಸ್ ಅನ್ನೋ ಸಮಾಜಶಾಸ್ತ್ರದವರು ತಮ್ಮ ತಂಡದ ಜೊತೆ ಮನೋರೋಗ ಆಸ್ಪತ್ರೆಗಳಲ್ಲಿ ಓಡಾಡಿ 1963ರಲ್ಲಿ ಬರೆದಿದ್ದು ಓದಿದಾಗ ನಮ್ಮ ವಾರ್ಡೇ ಕಣ್ಮುಂದೆ ಬಂತು. ಆಸ್ಪತ್ರೆ ನಡೆಯೋದು ಗೋಡೆ ಮೇಲಿನ ರೂಲ್ಸ್ ಪ್ರಕಾರ ಅಂತ ನಾವು ತಿಳ್ಕೊಂಡಿದೀವಿ, ನಿಜಕ್ಕೂ ಎಲ್ಲಾ ರೂಲ್ಸ್ ಯಾರಿಗೂ ಪೂರ್ತಿ ಗೊತ್ತಿರಲ್ಲ, ಡಾಕ್ಟ್ರು ನರ್ಸು ಆಯಾ ರೋಗಿ ಎಲ್ಲಾರೂ ದಿನಾ ಕೊಟ್ಟು ತಗೊಂಡು ಮಾತಾಡ್ಕೊಂಡು ಮಾಡ್ಕೊಂಡ ಒಪ್ಪಂದದ ಮೇಲೆ ಅದು ನಡೆಯುತ್ತೆ, ಆ ಒಪ್ಪಂದ ಹಳೇದಾದ ಹಾಗೆ ಮತ್ತೆ ಹೊಸದಾಗಿ ಮಾಡ್ಕೋಬೇಕು ಅಂತಾರೆ. ನಮ್ಮಲ್ಲಿ ಒಬ್ಬ ಪೇಷಂಟ್‌ಗೆ ಒಂದೇ ಪಾಸ್, ಆದ್ರೆ ರಾತ್ರಿ ಊಟ ತಂದ ತಂಗೀನ ವಾಚ್‌ಮನ್ 'ಹತ್ತು ನಿಮಿಷ ಕಣಮ್ಮ' ಅಂತ ಬಿಡ್ತಿದ್ರು, ಆ ಹತ್ತು ನಿಮಿಷನ ಯಾರೂ ಹನ್ನೊಂದು ಮಾಡ್ತಿರ್ಲಿಲ್ಲ.

ಡಾಕ್ಟ್ರು ನರ್ಸ್ ನಡುವೆನೂ ಹಿಂಗೇ ಒಂದು ಒಪ್ಪಂದ. ಒಂದು ರಾತ್ರಿ ಅಪ್ಪನಿಗೆ ಉಸಿರು ಕಟ್ಟಿದ ಹಾಗಾಯ್ತು, ಬಂದ ಹೌಸ್ ಸರ್ಜನ್ ಹುಡುಗನಿಗೆ ಇಪ್ಪತ್ತಮೂರೋ ನಾಲ್ಕೋ ವಯಸ್ಸು. ಇಪ್ಪತ್ತು ವರ್ಷ ಸರ್ವೀಸ್ ಆಗಿರೋ ಸಿಸ್ಟರ್ ಮೆಲ್ಲಗೆ 'ಸರ್, ನಿನ್ನೆ ಹಿಂಗಾದಾಗ ನೆಬ್ಯುಲೈಸ್ ಮಾಡಿ ಅಂದಿದ್ರು, ರೆಡಿ ಮಾಡ್ಲಾ?' ಅಂದ್ರು, ಅಂದ್ರೆ ಔಷಧೀನ ಮಂಜಿನ ಹಾಗೆ ಮಾಡಿ ಉಸಿರಲ್ಲಿ ಎಳೆಸೋದು. 'ಹ್ಞಾಂ ಸಿಸ್ಟರ್, ಮಾಡಿ' ಅಂದ ಅವನು. ಹೇಳಿಕೊಟ್ಟಿದ್ದು ಅವರು, ಆರ್ಡರ್ ಆಗಿದ್ದು ಅವನದು. ಲಿಯೊನಾರ್ಡ್ ಸ್ಟೈನ್ ಅನ್ನೋ ಡಾಕ್ಟ್ರು 1967ರಲ್ಲೇ ಇದನ್ನ ಬರ್ದಿದಾರೆ, ನರ್ಸ್ ಸಲಹೆ ಕೊಡ್ಬೇಕು, ಆದ್ರೆ ಕೊಟ್ಟ ಹಾಗೆ ಕಾಣ್ಬಾರ್ದು. ಆ ಹುಡುಗ ಹೊರಡುವಾಗ 'ಥ್ಯಾಂಕ್ಯೂ ಸಿಸ್ಟರ್' ಅಂದಿದ್ದು ಕೇಳಿ ಸಮಾಧಾನ ಆಯ್ತು.

ಪೇಷಂಟ್ ಕಡೆಯವರ ಕೆಲಸದಲ್ಲಿ ಅತೀ ಭಾರವಾದ್ದು ಮಾತ್ರ ಓಡಾಟದ್ದಲ್ಲ. ಒಂಬತ್ತನೇ ಬೆಡ್‌ನಲ್ಲಿ ಸಕಲೇಶಪುರ ಕಡೆಯ ಹಿರಿಯರು ಒಬ್ರಿದ್ರು. ಒಂದು ದಿನ ರೌಂಡ್ಸ್ ಮುಗಿದ ಮೇಲೆ ಡಾಕ್ಟ್ರು ಅವರ ಮಗನ್ನ 'ಸ್ವಲ್ಪ ಹೊರಗೆ ಬನ್ನಿ' ಅಂತ ಕರೆದ್ರು. ಮಗ ವಾಪಸ್ ಬರುವಾಗ ನಲ್ಲೀಲಿ ಮುಖ ತೊಳ್ಕೊಂಡು ಬಂದ, 'ಇನ್ನೊಂದು ನಾಲ್ಕು ದಿನಕ್ಕೆ ಮನೆಗೆ ಹೋಗ್ಬಹುದಂತೆ ಅಪ್ಪಯ್ಯ' ಅಂದ. ಅವರು 'ಹೌದಾ, ಒಳ್ಳೇದಾಯ್ತು, ಮಳೆ ಕಡಿಮೆ ಆದ್ಮೇಲೆ ತೋಟ ನೋಡ್ಬೇಕು' ಅಂದ್ರು. ಆ ರಾತ್ರಿ ಮಗ ಊಟ ತರೋಕೆ ಹೋದಾಗ ನನ್ನ ಹತ್ರ ಕರೆದು ಹೇಳಿದ್ರು, 'ನಂಗೆ ಗೊತ್ತಾಗಿದೆ ಅಂತ ಅವನಿಗೆ ಹೇಳ್ಬ್ಯಾಡ ಮಗ, ನೊಂದ್ಕತಾನೆ.'

ಬಾರ್ನಿ ಗ್ಲೇಸರ್ ಅನ್ನೋ ಇನ್ನೊಬ್ಬ ಸಮಾಜಶಾಸ್ತ್ರದವರು ಮತ್ತು ಅದೇ ಸ್ಟ್ರಾಸ್ 1965ರಲ್ಲಿ ಸಾವಿನ ಹತ್ರ ಇರೋ ರೋಗಿಗಳ ಸುತ್ತ ಯಾರಿಗೆ ಎಷ್ಟು ಗೊತ್ತಿರುತ್ತೆ ಅನ್ನೋದನ್ನ ನಾಲ್ಕು ಬಗೆ ಮಾಡಿದ್ರು. ರೋಗಿಗೆ ಗೊತ್ತೇ ಇಲ್ಲದಿರೋದು, ಅನುಮಾನ ಇರೋದು, ರೋಗಿಗೂ ಸುತ್ತ ಇರೋರಿಗೂ ಗೊತ್ತಿದ್ದು ಗೊತ್ತಿಲ್ಲದ ಹಾಗೆ ಇರೋದು, ಬಾಯಿಬಿಟ್ಟು ಮಾತಾಡೋದು. ಒಂಬತ್ತನೇ ಬೆಡ್‌ನಲ್ಲಿ ನಡೀತಿದ್ದಿದ್ದು ಮೂರನೇದು. ಕ್ಯಾಲಿಫೋರ್ನಿಯಾದ ಆಸ್ಪತ್ರೆಗಳಲ್ಲಿ ಅವರು ಕಂಡಿದ್ದನ್ನೇ ನಾನು ಹಾಸನದಲ್ಲಿ ಕಂಡೆ, ಆದ್ರೆ ನಮ್ಮಲ್ಲಿ ಸುದ್ದಿ ಮೊದ್ಲು ಹೋಗೋದು ಮನೆಯವರ ಕಿವಿಗೆ, ಅದನ್ನ ಹೊತ್ಕೊಂಡು ಮುಖ ಗಂಟಿಕ್ಕದೆ ಮಂಚದ ಪಕ್ಕ ಕೂರೋ ಕೆಲಸ ಅವರದ್ದೇ.

ಬಾಂಗ್ಲಾದೇಶದ ಶಹಾದುಝ್ ಝಮಾನ್ ಅನ್ನೋ ಡಾಕ್ಟ್ರು ಅಲ್ಲಿನ ಒಂದು ಸರ್ಕಾರಿ ಆಸ್ಪತ್ರೆಯ ಮೂಳೆ ವಾರ್ಡಲ್ಲಿ ತಿಂಗಳುಗಟ್ಟಲೆ ಕೂತು ನೋಡಿ 2004ರಲ್ಲಿ ಬರ್ದಿದಾರೆ, ಮನೆಯವರು ಇಲ್ದಿದ್ರೆ ಆ ವಾರ್ಡ್ ನಡೆಯೋದೇ ಕಷ್ಟ ಅಂತ. ನಮ್ಮಲ್ಲಿ ನೂರಾ ಹೆಲ್ತ್ ಅನ್ನೋ ಸಂಸ್ಥೆ ಕರ್ನಾಟಕದ ಆಸ್ಪತ್ರೆಗಳಲ್ಲಿ ಮನೆಯವರನ್ನ ಕೂರಿಸಿ ಕೈ ತೊಳೆಯೋದು, ಗಾಯ ನೋಡ್ಕೊಳ್ಳೋದು, ಯಾವ ಲಕ್ಷಣ ಕಂಡ್ರೆ ಕೂಡ್ಲೇ ಕರ್ಕೊಂಡು ಬರ್ಬೇಕು ಅನ್ನೋದನ್ನ ನರ್ಸ್‌ಗಳ ಕೈಲೇ ಹೇಳಿಸ್ತಾ ಇದೆ. ಪ್ರತಿ ತಾಲ್ಲೂಕು ಆಸ್ಪತ್ರೇಲೂ ಇದು ಆಗ್ಬೇಕು. ಹಾಗಂತ ಮನೆಯವರು ಇದಾರಲ್ಲ ಅಂತ ನರ್ಸ್ ಪೋಸ್ಟ್ ಖಾಲಿ ಬಿಡೋದನ್ನ ನಾನು ಒಪ್ಪಲ್ಲ, ಕೂಲಿ ಬಿಟ್ಟು ಬಂದು ಕೂತಿರೋ ಅಕ್ಕನ ದಿನದ ಸಂಬಳ ಕೊಡೋರು ಯಾರು?

ಹನ್ನೊಂದನೇ ದಿನ ಡಿಸ್ಚಾರ್ಜ್. ಅಕ್ಕ ಎರಡು ದಿನ ಮುಂಚೆನೇ ಯಜಮಾನ್ರನ್ನ ಕರ್ಕೊಂಡು ಊರಿಗೆ ಹೋಗಿದ್ರು, ಹದಿಮೂರಕ್ಕೆ ಆಲೂರು ಕಡೆಯ ಒಬ್ಬ ಅಜ್ಜ ಬಂದಿದ್ರು, ಜೊತೇಲಿ ಪಿಯುಸಿ ಓದೋ ಮೊಮ್ಮಗ. ಬ್ಯಾಗ್ ತುಂಬಿದ ಮೇಲೆ ಚಾಪೆ ಅವನಿಗೆ ಕೊಟ್ಟೆ. ಆಮೇಲೆ ಅವನನ್ನ ಡ್ರಿಪ್ ಸ್ಟ್ಯಾಂಡ್ ಹತ್ರ ಕರೆದು, ಅವನ ಹೆಬ್ಬೆರಳನ್ನ ಆ ಬಿಳೀ ಚಕ್ರದ ಮೇಲೆ ಇಟ್ಟೆ.