ಗುಂಡಿನ ಸದ್ದು ಕೇಳುವ ಮನೆ

1968ರ ಅಕ್ಟೋಬರ್ 2ರ ಸಂಜೆ ಮೆಕ್ಸಿಕೊ ನಗರದ ತ್ಲಾತೆಲೋಲ್ಕೊ ಚೌಕದಲ್ಲಿ ವಿದ್ಯಾರ್ಥಿಗಳ ಸಭೆ ನಡೆದಿತ್ತು. ಆಕಾಶದಲ್ಲಿ ಫ್ಲೇರ್ ಬೆಳಕು ಉರಿದದ್ದೇ ತಡ, ಸರ್ಕಾರದ ಪಡೆಯವರು ಗುಂಡು ಹಾರಿಸಲು ಶುರು ಮಾಡಿದರು. ಇನ್ನು ಹತ್ತೇ ದಿನಕ್ಕೆ ಅದೇ ಊರಲ್ಲಿ ಒಲಿಂಪಿಕ್ಸ್. ಸತ್ತವರೆಷ್ಟು ಎಂಬ ಲೆಕ್ಕ ಇವತ್ತಿಗೂ ತೀರಿಲ್ಲ. ಆ ದಿನವನ್ನು ಸಿನಿಮಾಕ್ಕೆ ತಂದವರಲ್ಲಿ ಚಿತ್ರಕಥೆಗಾರ ಹಾವಿಯೆರ್ ರೋಬ್ಲೆಸ್ ಒಬ್ಬರು.

ಆಗ ಗೃಹಮಂತ್ರಿಯಾಗಿದ್ದ ಲೂಯಿಸ್ ಎಚೆವೆರಿಯಾ 1970ರಲ್ಲಿ ಅಧ್ಯಕ್ಷರಾದರು. ಅವರ ಕಾಲದಲ್ಲಿ ಸಿನಿಮಾಕ್ಕೆ ಸರ್ಕಾರದ ದುಡ್ಡು ಜಾಸ್ತಿ ಬಂತು. ಬಡತನದ ಬಗ್ಗೆ ಸಿನಿಮಾ ಮಾಡಬಹುದಿತ್ತು. ಆ ಚೌಕದ ಹೆಸರೆತ್ತುವುದು ಮಾತ್ರ ಕಷ್ಟವಿತ್ತು.

ರೋಬ್ಲೆಸ್ ಬೆಳೆದದ್ದು ಈ ವಾತಾವರಣದಲ್ಲಿ. 1976ರ 'ಲಾಸ್ ಪೊಕಿಯಾಂಚಿಸ್' ಚಿತ್ರವನ್ನು ಅವರು ತೋಮಾಸ್ ಪೆರೆಸ್ ತುರ್ರೆಂತ್ ಜೊತೆ ಬರೆದರು. ಹಳ್ಳಿ ಹುಡುಗಿಯರನ್ನು ವೇಶ್ಯಾವಾಟಿಕೆಗೆ ತಳ್ಳಿದ ಅಕ್ಕತಂಗಿಯರ ನಿಜ ಪ್ರಕರಣ ಅದು. ಚಿತ್ರಕಥೆ ಅದರ ಪಕ್ಕದಲ್ಲೇ ರೈತರ ಜಮೀನಿನ ಹೋರಾಟವನ್ನೂ ಇಟ್ಟಿತು. 1985ರಲ್ಲಿ ಮಕ್ಕಳನ್ನು ಕೊಂದ ಆರೋಪ ಹೊತ್ತ ಬಡ ತಾಯಿಯ ಕಥೆ ಬರೆದರು. ಎರಡಕ್ಕೂ ಫೆಲಿಪೆ ಕಸಾಲ್ಸ್ ನಿರ್ದೇಶಕರು.

ಆಮೇಲೆ ಬಂದದ್ದು 'ರೋಹೊ ಅಮನೆಸೆರ್', ಅಂದರೆ ಕೆಂಪು ಮುಂಜಾವು. ಗ್ವಾಡಲೂಪೆ ಒರ್ತೆಗಾ ಜೊತೆ ಸೇರಿ ಬರೆದದ್ದು. ಚೌಕದ ಪಕ್ಕದ ಕಟ್ಟಡದ ಒಂದು ಫ್ಲ್ಯಾಟು, ಅಪ್ಪ, ಅಮ್ಮ, ತಾತ, ಮಕ್ಕಳು. ಬೆಳಗ್ಗೆ ತಿಂಡಿ ತಿನ್ನುತ್ತಾ ಚಳವಳಿಯ ಬಗ್ಗೆ ಜಗಳ. ಸಂಜೆಗೆ ಫೋನು ಸತ್ತಿದೆ, ಕರೆಂಟು ಹೋಗಿದೆ. ಹತ್ಯಾಕಾಂಡ ನಮಗೆ ಕಾಣುವುದೇ ಇಲ್ಲ, ಗೋಡೆಯಾಚೆಯಿಂದ ಕೇಳಿಸುತ್ತದೆ. ಗಲಭೆಯ ದಿನ ಬಾಗಿಲು ಹಾಕಿಕೊಂಡು ಕೂತವರಿಗೆ ಅದು ಮುಟ್ಟುವುದೂ ಹಾಗೇ ಅಲ್ವಾ? ಗಾಯಗೊಂಡ ವಿದ್ಯಾರ್ಥಿಯೊಬ್ಬ ಬಚ್ಚಲುಮನೆಯಲ್ಲಿ ಅಡಗುತ್ತಾನೆ. ಬೆಳಗಿನ ಜಾವ ಬಂದೂಕು ಹಿಡಿದವರು ಬಾಗಿಲಿಗೆ ಬರುತ್ತಾರೆ. ಕೊನೆಗೆ ಉಳಿಯುವವನು ಪುಟ್ಟ ಹುಡುಗನೊಬ್ಬನೇ. ಅವನು ಹೆಣಗಳನ್ನು ದಾಟಿ ಮೆಟ್ಟಿಲಿಳಿಯುವುದನ್ನು ನೋಡಿದವರು ಮರೆಯಲಾರರು.

ನಿರ್ದೇಶಕ ಹೋರ್ಹೆ ಫೋನ್ಸ್ ಇದನ್ನು ಗುಟ್ಟಾಗಿ ಚಿತ್ರೀಕರಿಸಿದರು. ಕಥೆ ಒಂದೇ ಮನೆಯೊಳಗೆ ನಡೆದದ್ದರಿಂದ ಅದು ಸಾಧ್ಯವಾಯಿತು. ಚಿತ್ರಕಥೆಯ ಆ ಆಯ್ಕೆಯೇ ಸಿನಿಮಾವನ್ನು ಉಳಿಸಿತು ಎಂದು ನನ್ನ ನಂಬಿಕೆ. ಸೆನ್ಸಾರ್ ತಡೆಯಿತು, ಸೈನ್ಯದ ಉಲ್ಲೇಖಗಳಿಗೆ ಕತ್ತರಿ ಬಿತ್ತು. ಕೊನೆಗೆ 1990ರಲ್ಲಿ ಬಿಡುಗಡೆಯಾಯಿತು. ಆ ಹೊತ್ತಿಗೆ 22 ವರ್ಷ ಕಳೆದಿತ್ತು. ಮರುವರ್ಷ ಮೆಕ್ಸಿಕೊದ ದೊಡ್ಡ ಚಲನಚಿತ್ರ ಪ್ರಶಸ್ತಿಯಾದ ಆರಿಯೆಲ್ ಇದಕ್ಕೇ ಬಂತು.

2014ರ ಸೆಪ್ಟೆಂಬರ್ 26ರ ರಾತ್ರಿ ಅಯೋತ್ಸಿನಾಪಾದ ಶಿಕ್ಷಕ ತರಬೇತಿ ಶಾಲೆಯ 43 ವಿದ್ಯಾರ್ಥಿಗಳು ಕಾಣೆಯಾದರು. ಆ ವಿದ್ಯಾರ್ಥಿಗಳ ಬಗ್ಗೆ ರೋಬ್ಲೆಸ್ ಸಾಕ್ಷ್ಯಚಿತ್ರ ಮಾಡಿದರು. ಆ ಹುಡುಗರು ಅವತ್ತು ಬಸ್ಸುಗಳನ್ನು ಹೊಂದಿಸಲು ಹೊರಟಿದ್ದರು. ಅಕ್ಟೋಬರ್ 2ರ ನೆನಪಿನ ಮೆರವಣಿಗೆಗೆ ರಾಜಧಾನಿಗೆ ಹೋಗಬೇಕಿತ್ತು.