ಸ್ಕಿನ್: ಮೈನ್‌ಕ್ರಾಫ್ಟ್ ಪಾತ್ರದ ವೇಷ

‘ಹೊಸ ಸ್ಕಿನ್ ಚೆನ್ನಾಗಿದೆ’, ‘ಇನ್ನೂ ಸ್ಟೀವ್ ಸ್ಕಿನ್‌ನಲ್ಲೇ ಇದ್ದೀಯಾ?’, ‘ಸ್ಕಿನ್ ಲೋಡ್ ಆಗ್ತಿಲ್ಲ’. ಮೈನ್‌ಕ್ರಾಫ್ಟ್ ಎಂಬ ವಿಡಿಯೋ ಗೇಮ್ ಆಡುವವರ ನಡುವೆ ಕೂತರೆ ಇಂಥ ಮಾತು ಕಿವಿಗೆ ಬೀಳುತ್ತಲೇ ಇರುತ್ತದೆ. ಆಟದಲ್ಲಿ ನಮ್ಮ ಪಾತ್ರ ಬೇರೆಯವರಿಗೆ ಹೇಗೆ ಕಾಣುತ್ತದೆ ಎಂದು ಹೇಳುವ ಚಿತ್ರವೇ ಸ್ಕಿನ್. ಮುಖ, ಕೂದಲು, ಅಂಗಿ, ಪ್ಯಾಂಟು, ಶೂ ಎಲ್ಲ ಸೇರಿ ಒಂದು ಸ್ಕಿನ್. ಸ್ಟೀವ್ ಎಂದರೆ ಆಟವೇ ಕೊಡುವ ಸ್ಕಿನ್‌ಗಳಲ್ಲಿ ಒಂದು. ಕಂಪ್ಯೂಟರ್‌ಗೆಂದೇ ಇರುವ ಜಾವಾ ಎಡಿಷನ್‌ನಲ್ಲಿ ಅಂಗಿ ಮಾತ್ರ ಬೇರೆ ಬೇಕೆಂದರೂ ಇಡೀ ಸ್ಕಿನ್ನನ್ನೇ ಬದಲಾಯಿಸಬೇಕು.

‘ಬೇರೆಯವರಿಗೆ’ ಅಂದೆ ನೋಡಿ, ಅದನ್ನು ಸುಮ್ನೆ ಹೇಳಲಿಲ್ಲ. ಆಡುವಾಗ ನಮ್ಮ ಸ್ಕಿನ್‌ನಲ್ಲಿ ನಮಗೆ ಕಾಣುವುದು ಪರದೆಯ ಮೂಲೆಯಲ್ಲಿರುವ ಬಲಗೈ ಮಾತ್ರ. ಆ ಕೈಯಲ್ಲಿ ಗುದ್ದಲಿಯೋ ಕತ್ತಿಯೋ ಬಂದರೆ ಅದೂ ಇಲ್ಲ. ಕಂಪ್ಯೂಟರ್‌ನಲ್ಲಿ ಎಫ್5 ಒತ್ತಿದರೆ ಬೆನ್ನು, ಇನ್ನೊಮ್ಮೆ ಒತ್ತಿದರೆ ಮುಖ ಕಾಣುತ್ತದೆ. ಗಂಟೆಗಟ್ಟಲೆ ಕೂತು ಬರೆದ ಮುಖವನ್ನು ನಾವೇ ಕಡಿಮೆ ನೋಡುತ್ತೇವೆ. ಆದರೂ ಜನ ಅದಕ್ಕೆ ಅಷ್ಟು ತಲೆ ಕೆಡಿಸಿಕೊಳ್ಳುತ್ತಾರೆ ಅಂದರೆ, ಒಂದೇ ಸರ್ವರ್‌ನಲ್ಲಿ ಆಡುವವರು ನಮ್ಮನ್ನು ದೂರದಿಂದಲೇ ಗುರುತು ಹಿಡಿಯುವುದು ಅದರಿಂದಲೇ.

ಫೈಲ್ ಎಂದು ನೋಡಿದರೆ ಸ್ಕಿನ್ ತೀರಾ ಸಣ್ಣದು. 64 ಪಿಕ್ಸೆಲ್ ಅಗಲ, 64 ಪಿಕ್ಸೆಲ್ ಎತ್ತರದ ಒಂದು ಪಿಎನ್‌ಜಿ ಚಿತ್ರ. ಅದನ್ನು ತೆರೆದು ನೋಡಿದವರಿಗೆ ಮೊದಲು ತಲೆಬುಡ ಅರ್ಥವಾಗುವುದಿಲ್ಲ. ಒಂದು ಕಡೆ ಮುಖ, ಪಕ್ಕದಲ್ಲಿ ಕಿವಿಯ ಭಾಗ, ಕೆಳಗೆಲ್ಲೋ ಕಾಲು. ರಟ್ಟಿನ ಡಬ್ಬದ ಅಂಟು ಬಿಡಿಸಿ ನೆಲದ ಮೇಲೆ ಹರಡಿದ ಹಾಗೆ, ಪಾತ್ರದ ಪ್ರತಿ ಭಾಗದ ಆರೂ ಮೈಗಳನ್ನು ಅಲ್ಲಿ ಬಿಡಿಸಿ ಇಟ್ಟಿರುತ್ತಾರೆ. ಆಟ ಅದನ್ನು ಮಡಿಚಿ ಮೈಗೆ ಸುತ್ತುತ್ತದೆ.

ತಲೆ ಎಂದರೆ ಎಲ್ಲ ಕಡೆಯಿಂದಲೂ 8 ಪಿಕ್ಸೆಲ್‌ನ ಒಂದು ಘನ. ಮುಂಡ 8 ಅಗಲ, 12 ಎತ್ತರ, 4 ದಪ್ಪ. ಕೈ ಕಾಲುಗಳು 4 ಅಗಲ, 12 ಎತ್ತರ, 4 ದಪ್ಪ. ಒಟ್ಟು ಲೆಕ್ಕ ಹಾಕಿದರೆ ಮೈ ತುಂಬಲು 1,632 ಪಿಕ್ಸೆಲ್ ಸಾಕು. ಅದರ ಮೇಲೊಂದು ಎರಡನೇ ಪದರ ಇದೆ, ಅದಕ್ಕೂ ಅಷ್ಟೇ ಬೇಕು. ಚಿತ್ರದಲ್ಲಿ ಇರುವುದು 4,096. ಉಳಿದ 832 ಪಿಕ್ಸೆಲ್ ಯಾವುದಕ್ಕೂ ಬಳಕೆಯಾಗುವುದಿಲ್ಲ. ಕೆಲವರು ಆ ಖಾಲಿ ಜಾಗದಲ್ಲಿ ತಮ್ಮ ಹೆಸರು ಬರೆದಿಡುತ್ತಾರೆ. ಆಟದೊಳಗೆ ಅದು ಯಾರಿಗೂ ಕಾಣುವುದಿಲ್ಲ.

ಮುಖಕ್ಕೆ ಸಿಗುವುದು ಬರೀ 64 ಚೌಕ. ಸ್ಕಿನ್ ಮಾಡುವವರ ಕೈಚಳಕ ಗೊತ್ತಾಗುವುದು ಅಲ್ಲೇ. ಸ್ಟೀವ್‌ನ ಕಣ್ಣು ನೋಡಿ. ಒಂದೊಂದು ಕಣ್ಣಿಗೆ ಎರಡೇ ಚೌಕ: ಹೊರಗಿನದು ಬಿಳಿ, ಮೂಗಿನ ಕಡೆಯದು ನೀಲಿ. ನಡುವೆ ಎರಡು ಚೌಕ ಬಿಟ್ಟಿದ್ದಾರೆ. ಅಷ್ಟರಲ್ಲೇ ‘ಇವನು ನನ್ನನ್ನೇ ನೋಡುತ್ತಿದ್ದಾನೆ’ ಅನಿಸುತ್ತದೆ. ಆ ಬಿಳಿ, ನೀಲಿಗಳನ್ನು ಅದಲುಬದಲು ಮಾಡಿದರೆ ಎರಡು ಕಣ್ಣೂ ಎರಡು ದಿಕ್ಕಿಗೆ ತಿರುಗಿಬಿಡುತ್ತವೆ. ಇನ್ನೊಂದು ಫಜೀತಿ ಇದೆ. ಅಗಲ 8 ಇರುವುದರಿಂದ ಸರಿಯಾಗಿ ನಡುವೆ ಬರುವ ಚೌಕವೇ ಇಲ್ಲ. ಒಂದೇ ಚೌಕದ ಮೂಗು ಬರೆದರೆ ಅದು ಎಡಕ್ಕೋ ಬಲಕ್ಕೋ ಸರಿದು ಕೂರುತ್ತದೆ. ಅಂಗಿಯ ಗುಂಡಿಯ ಸಾಲು, ಟೈ, ಹಣೆಯ ಬೊಟ್ಟು ಎಲ್ಲದಕ್ಕೂ ಇದೇ ಕಥೆ. ಎರಡು ಚೌಕ ಅಗಲ ಮಾಡಿ, ಇಲ್ಲವೇ ಸ್ವಲ್ಪ ಸೊಟ್ಟಗಿದ್ದರೂ ಪರವಾಗಿಲ್ಲ ಎಂದು ಬಿಡಿ. ಬೇರೆ ದಾರಿ ಇಲ್ಲ.

ಎರಡನೇ ಪದರ ಎಂದೆನಲ್ಲ, ಅದು ಮೈಯಿಂದ ಒಂದು ಕೂದಲೆಳೆ ಹೊರಗೆ ನಿಲ್ಲುತ್ತದೆ. ತಲೆಯ ಹತ್ತಿರ ಅರ್ಧ ಪಿಕ್ಸೆಲ್‌ನಷ್ಟು. ಟೋಪಿ, ಕನ್ನಡಕ, ಹಣೆಗೆ ಇಳಿದ ಕೂದಲು, ಜಾಕೆಟ್ ಇವನ್ನೆಲ್ಲ ಅಲ್ಲಿ ಬರೆಯುತ್ತಾರೆ. ಬೇಡದ ಕಡೆ ಖಾಲಿ ಬಿಟ್ಟರೆ ಕೆಳಗಿನ ಮೈ ಕಾಣುತ್ತದೆ. ಸ್ಕಿನ್‌ಗೆ ಸ್ವಲ್ಪ ಉಬ್ಬು ತಗ್ಗು ಬರುವುದು ಇದರಿಂದಲೇ. ಆಟದ ಸೆಟ್ಟಿಂಗ್ಸ್‌ನಲ್ಲಿ ಟೋಪಿ, ಜಾಕೆಟ್, ಒಂದೊಂದು ತೋಳು ಹೀಗೆ ಬೇರೆ ಬೇರೆಯಾಗಿ ತೆಗೆದು ಹಾಕಲೂ ಬರುತ್ತದೆ. ಹಾಗಾಗಿ ಒಂದೇ ಫೈಲ್‌ನಲ್ಲಿ ಜಾಕೆಟ್ ಇರುವ ವೇಷ, ಇಲ್ಲದ ವೇಷ ಎರಡನ್ನೂ ಇಟ್ಟುಕೊಳ್ಳಬಹುದು.

ಇಷ್ಟೆಲ್ಲ ಮೊದಲಿನಿಂದ ಇರಲಿಲ್ಲ. ಹಳೇ ಸ್ಕಿನ್ 64×32 ಇತ್ತು, ಎರಡನೇ ಪದರ ತಲೆಗೆ ಮಾತ್ರ. ಕೈ ಕಾಲಿಗೆ ಒಂದೊಂದೇ ಚಿತ್ರ, ಇನ್ನೊಂದು ಬದಿಗೆ ಅದನ್ನೇ ಕನ್ನಡಿಯಲ್ಲಿ ಕಂಡಂತೆ ತಿರುಗಿಸಿ ಹಾಕುತ್ತಿದ್ದರು. ಒಂದು ಕೈಗೆ ಮಾತ್ರ ವಾಚ್ ಕಟ್ಟುವುದಕ್ಕೆ ಆಗುತ್ತಲೇ ಇರಲಿಲ್ಲ. 2014ರಲ್ಲಿ ಬಂದ 1.8 ಆವೃತ್ತಿ ಇದನ್ನು ಬದಲಾಯಿಸಿತು. ಅದೇ ಆವೃತ್ತಿಯಲ್ಲಿ, ಸ್ಟೀವ್‌ನ ಹಾಗೆ ಆಟವೇ ಕೊಡುವ ಅಲೆಕ್ಸ್ ಕೂಡ ಬಂದಳು, ಜೊತೆಗೆ 3 ಪಿಕ್ಸೆಲ್ ಅಗಲದ ತೆಳು ಕೈ. ಅಂದಿನಿಂದ ‘ಕ್ಲಾಸಿಕ್’, ‘ಸ್ಲಿಮ್’ ಎಂಬ ಎರಡು ಮಾದರಿಗಳಿವೆ. ಸ್ಕಿನ್ ಹಾಕುವಾಗ ಇದನ್ನು ಸರಿಯಾಗಿ ಆರಿಸಬೇಕು. ಸ್ಲಿಮ್‌ಗೆಂದು ಬರೆದದ್ದನ್ನು ಕ್ಲಾಸಿಕ್‌ಗೆ ಹಾಕಿದರೆ ಕೈಮೇಲೆ ಕಪ್ಪು ಗೆರೆ ಬರುತ್ತದೆ. ಸ್ಕಿನ್ ಹಾಳಾಗಿದೆ ಎಂದು ಅದನ್ನು ಅಳಿಸಿ ಹಾಕುವವರೂ ಇದ್ದಾರೆ, ಪಾಪ.

ನಾವು ಏನೂ ಹಾಕದಿದ್ದರೆ ಆಟವೇ ಒಂದು ಸ್ಕಿನ್ ಕೊಡುತ್ತದೆ. ಬಹಳ ಕಾಲ ಸ್ಟೀವ್ ಮತ್ತು ಅಲೆಕ್ಸ್ ಇಬ್ಬರೇ ಇದ್ದರು. 2022ರ ಡಿಸೆಂಬರ್‌ನಲ್ಲಿ ಜಾವಾಗೆ ನೂರ್, ಸನ್ನಿ, ಆರಿ, ಜೂರಿ, ಮಕೇನಾ, ಕೈ, ಎಫೆ ಎಂಬ ಏಳು ಮಂದಿ ಸೇರಿಕೊಂಡರು.

ಈಗ ಮುಖ್ಯ ವಿಷಯಕ್ಕೆ ಬರೋಣ. ಹೊಸಬರು ಜಾಸ್ತಿ ಎಡವುವುದು ಇಲ್ಲೇ. ನಮ್ಮ ಸ್ಕಿನ್‌ನಲ್ಲಿ ಏನಿದೆ ಅನ್ನೋದು ಆಟದೊಳಗಿನ ಯಾವ ಜೀವಿಗೂ ಗೊತ್ತಿಲ್ಲ. ಮೈತುಂಬ ಚಿನ್ನದ ಕವಚ ಬರೆದುಕೊಂಡು ನೆದರ್ ಎಂಬ ಬೆಂಕಿಯ ಲೋಕಕ್ಕೆ ಹೋಗಿ ನೋಡಿ, ಅಲ್ಲಿನ ಹಂದಿಮುಖದ ಪಿಗ್ಲಿನ್‌ಗಳು ಅಟ್ಟಿಸಿಕೊಂಡು ಬರುತ್ತವೆ. ಅದೇ ನಿಜವಾದ ಚಿನ್ನದ ಶೂ ಒಂದು ಜೊತೆ ಹಾಕಿಕೊಂಡರೆ ಸಾಕು, ಸುಮ್ಮನಿರುತ್ತವೆ. ಮುಖಕ್ಕೆ ಕೊರೆದ ಕುಂಬಳಕಾಯಿಯ ಚಿತ್ರ ಇದ್ದರೂ ಎಂಡರ್‌ಮನ್ ಎಂಬ ಉದ್ದನೆಯ ಕಪ್ಪು ಜೀವಿಗೆ ಅದು ಲೆಕ್ಕಕ್ಕಿಲ್ಲ, ಕಣ್ಣಿಟ್ಟು ನೋಡಿದಿರೋ ಮೈಮೇಲೆ ಬಂದೇ ಬರುತ್ತದೆ. ಕುಂಬಳಕಾಯಿಯನ್ನೇ ತಲೆಗೆ ಹಾಕಿಕೊಂಡರೆ ಮಾತ್ರ ಬಚಾವ್. ಹತ್ತಿರ ಬಂದು ಸಿಡಿಯುವ ಕ್ರೀಪರ್‌ನ ಸ್ಕಿನ್ ಹಾಕಿದವರ ಹಿಂದೆಯೂ ಕ್ರೀಪರ್ ಬರುತ್ತದೆ. ಕ್ರೀಪರ್‌ನ ತಲೆಯನ್ನು ವಸ್ತುವಾಗಿ ಧರಿಸಿದರೆ ಮಾತ್ರ ಅದಕ್ಕೆ ನಾವು ಕಣ್ಣಿಗೆ ಬೀಳುವ ದೂರ ಅರ್ಧಕ್ಕೆ ಇಳಿಯುತ್ತದೆ. ಅದೂ ಅರ್ಧಕ್ಕೆ ಅಷ್ಟೇ, ಪೂರ್ತಿ ಅಲ್ಲ.

ಏಟು ಬೀಳುವ ಮೈಯ ಅಳತೆಯೂ ಎಲ್ಲರಿಗೂ ಒಂದೇ. ಸ್ಲಿಮ್ ಕೈ ಇದ್ದರೆ ಬಾಣ ತಪ್ಪಿಸಿಕೊಳ್ಳಬಹುದು ಎನ್ನುವುದು ಬರೀ ಸುಳ್ಳು. ಸ್ಕಿನ್‌ನಿಂದ ಏನಾದರೂ ಲಾಭ ಇದ್ದರೆ ಅದು ಎದುರಿಗಿರುವ ಮನುಷ್ಯನ ಕಣ್ಣಿಗೆ ಮಣ್ಣೆರಚುವುದರಲ್ಲಿ. ಹುಲ್ಲಿನ ಬಣ್ಣದ ಸ್ಕಿನ್ ಹಾಕಿ ಕಾಡಿನಲ್ಲಿ ಅಡಗುವವರಿದ್ದಾರೆ. ಆದರೆ ತಲೆಯ ಮೇಲೆ ತೇಲುವ ಹೆಸರು ಸಿಕ್ಕಿಸಿ ಹಾಕುತ್ತದೆ. ಕುಕ್ಕರುಗಾಲಿನಲ್ಲಿ ನಡೆದರೆ ಆ ಹೆಸರು ಮಂಕಾಗುತ್ತದೆ, ಗೋಡೆಯ ಆಚೆಗೆ ಕಾಣುವುದಿಲ್ಲ.

ಇನ್ನೂ ಒಂದು ಬೇಜಾರಿದೆ. ಆಟದಲ್ಲಿ ಮುಂದೆ ಹೋದಂತೆ ಎಲ್ಲರೂ ಕವಚ ಹಾಕುತ್ತಾರೆ, ಕವಚ ಸ್ಕಿನ್ನನ್ನು ಮುಚ್ಚಿಬಿಡುತ್ತದೆ. ಎಲ್ಲಕ್ಕಿಂತ ಗಟ್ಟಿಯಾದ ನೆದರೈಟ್ ಕವಚ ತೊಟ್ಟು ಸಾಲಾಗಿ ನಿಂತರೆ ಯಾರು ಯಾರೋ ಗೊತ್ತಾಗುವುದಿಲ್ಲ. ಟೆರಾರಿಯಾ ಎಂಬ ಇನ್ನೊಂದು ಆಟದಲ್ಲಿ ಇದಕ್ಕೊಂದು ಒಳ್ಳೆ ಉಪಾಯ ಇದೆ: ನೋಟಕ್ಕೆಂದೇ ಬೇರೆ ಸ್ಲಾಟ್‌ಗಳು. ಅಲ್ಲಿಟ್ಟ ಬಟ್ಟೆ ಕವಚದ ಮೇಲೆ ಕಾಣುತ್ತದೆ, ರಕ್ಷಣೆ ಕವಚದ್ದೇ ಇರುತ್ತದೆ. ಮೈನ್‌ಕ್ರಾಫ್ಟ್ ಅಷ್ಟು ದೂರ ಹೋಗಿಲ್ಲ. 2023ರ 1.20 ಆವೃತ್ತಿಯಲ್ಲಿ ‘ಆರ್ಮರ್ ಟ್ರಿಮ್’ ಬಂತು. ಸ್ಮಿಥಿಂಗ್ ಟೇಬಲ್‌ನಲ್ಲಿ ಕವಚದ ಮೇಲೆ ಚಿನ್ನ, ರೆಡ್‌ಸ್ಟೋನ್, ಅಮೆಥಿಸ್ಟ್ ಹೀಗೆ ಬೇರೆ ಬೇರೆ ಬಣ್ಣದಲ್ಲಿ ಚಿತ್ತಾರ ಹಾಕಿಸಬಹುದು. ಇದೂ ಬರೀ ನೋಟಕ್ಕೆ. ನನ್ನನ್ನು ಕೇಳಿದರೆ ಟೆರಾರಿಯಾದ ದಾರಿಯೇ ವಾಸಿ.

ಫೋನ್, ಕನ್ಸೋಲ್, ಕಂಪ್ಯೂಟರ್ ಎಲ್ಲದರಲ್ಲೂ ಓಡುವ ಬೆಡ್‌ರಾಕ್ ಎಡಿಷನ್‌ನಲ್ಲಿ ‘ಡ್ರೆಸಿಂಗ್ ರೂಮ್’ ಎಂಬ ಜಾಗವಿದೆ. ಅಲ್ಲಿ ಕ್ಯಾರೆಕ್ಟರ್ ಕ್ರಿಯೇಟರ್‌ನಿಂದ ಕೂದಲು, ಕಣ್ಣು, ಬಟ್ಟೆಗಳನ್ನು ಒಂದೊಂದಾಗಿ ಆರಿಸಿಕೊಳ್ಳಬಹುದು. ಕೆಲವು ಪುಕ್ಕಟೆ, ಕೆಲವಕ್ಕೆ ಮೈನ್‌ಕಾಯಿನ್ (ಹಣ ಕೊಟ್ಟು ಕೊಳ್ಳುವ ಆಟದ ನಾಣ್ಯ) ಕೊಡಬೇಕು. ಫೋನ್, ಕಂಪ್ಯೂಟರ್‌ಗಳಲ್ಲಿ ನಮ್ಮದೇ ಚಿತ್ರವನ್ನೂ ಹಾಕಬಹುದು. ಜಾವಾದಲ್ಲಿ ಆಟ ತೆರೆಯುವ ಲಾಂಚರ್‌ನಿಂದ ಪಿಎನ್‌ಜಿ ಹಾಕಿದರೆ ಮುಗಿಯಿತು. ಅಲ್ಲಿ ಸ್ಕಿನ್ ನಮ್ಮ ಖಾತೆಗೆ ಅಂಟಿಕೊಂಡಿರುವುದರಿಂದ ಯಾವ ಕಂಪ್ಯೂಟರ್‌ನಿಂದ ಒಳಬಂದರೂ ಅದೇ ವೇಷ. ಮತ್ತೆ, ಆ ಚಿತ್ರ ಗುಟ್ಟಾಗಿ ಉಳಿಯುವುದಿಲ್ಲ. ನಮ್ಮ ಆಟದ ಹೆಸರು ಗೊತ್ತಿದ್ದವರು ಯಾರು ಬೇಕಾದರೂ ಅದನ್ನು ಇಳಿಸಿಕೊಳ್ಳಬಹುದು. ‘ನನ್ನ ಸ್ಕಿನ್ ಕದ್ದ’ ಎಂಬ ಜಗಳ ಶುರುವಾಗುವುದು ಹೀಗೇ.

ಕೊನೆಗೆ, ಬೆನ್ನ ಮೇಲೆ ಹಾರಾಡುವ ಕೇಪ್ ಸ್ಕಿನ್‌ನ ಭಾಗವಲ್ಲ. ಅದು ಬೇರೆಯೇ ಚಿತ್ರ. ಜಾವಾದಲ್ಲಿ ನಮಗೆ ಬೇಕಾದಂತೆ ಬರೆದು ಹಾಕಲು ಬರುವುದಿಲ್ಲ. ಹಿಂದೆ ಮೈನ್‌ಕಾನ್ ಸಮಾವೇಶಕ್ಕೆ ಹೋದವರಿಗೆ ಕೊಡುತ್ತಿದ್ದರು. ಹಳೇ ಖಾತೆಯನ್ನು ಮೈಕ್ರೋಸಾಫ್ಟ್ ಖಾತೆಗೆ ಬದಲಾಯಿಸಿಕೊಂಡವರಿಗೂ ಒಂದು ಸಿಕ್ಕಿತ್ತು. ಕೇಪ್ ಇರುವವರು ಎಲೈಟ್ರಾ ಎಂಬ ಹಾರುವ ರೆಕ್ಕೆ ತೊಟ್ಟರೆ ಕೇಪ್ ಮಾಯವಾಗಿ, ಅದರ ಬಣ್ಣವೇ ರೆಕ್ಕೆಗಳಿಗೆ ಬರುತ್ತದೆ.